ಕ್ಷಮೆಯ ಹೊರೆ: ರೋಲಂಡ್ ಜೋಫೆಯವರ ಚಿತ್ರಗಳನ್ನು ದೈವಶಾಸ್ತ್ರದ ಕಣ್ಣಿನಿಂದ ನೋಡುವುದು

ಧರ್ಮಪ್ರಸಾರದ ಇತಿಹಾಸವನ್ನು ಅಭ್ಯಸಿಸುವ ಗುರು ಅಭ್ಯರ್ಥಿಗಳಲ್ಲಿ 'ದಿ ಮಿಷನ್' ಚಲನಚಿತ್ರದ ಹೆಸರನ್ನು ಕೇಳದವರು ವಿರಳ. 1986ರಲ್ಲಿ ತೆರೆಕಂಡ ಈ ಚಿತ್ರಕ್ಕೆ ಆ ವರ್ಷದ ಕಾನ್ ಚಿತ್ರೋತ್ಸವದ ಅತ್ಯುನ್ನತ ಪುರಸ್ಕಾರ ದೊರೆಯಿತು. ಚಲನಚಿತ್ರ ಕಲೆಗೆ ನೂರು ವರ್ಷ ತುಂಬಿದ 1995ರಲ್ಲಿ ವ್ಯಾಟಿಕನ್ ಪ್ರಕಟಿಸಿದ 45 ಮಹತ್ವದ ಚಿತ್ರಗಳ ಪಟ್ಟಿಯಲ್ಲಿಯೂ ಅದು ಧರ್ಮದ ವಿಭಾಗದಲ್ಲಿ ಸ್ಥಾನ ಪಡೆಯಿತು. ಆದರೆ ಅದನ್ನು ನಿರ್ದೇಶಿಸಿದ ರೋಲಂಡ್ ಜೋಫೆ ಯಾರು, ಅದಕ್ಕೂ ಮೊದಲು ಮತ್ತು ಅನಂತರ ಅವರು ಏನು ಮಾಡಿದರು ಎಂಬುದನ್ನು ನಾವು ವಿಚಾರಿಸುವುದು ಅಪರೂಪ. ಜೋಫೆ ತಮ್ಮನ್ನು ವಿಶ್ವಾಸಿಯೆಂದು ಕರೆದುಕೊಂಡವರಲ್ಲ, ಅಜ್ಞೇಯವಾದಿಯೆಂದೇ ಹೇಳಿಕೊಂಡವರು. ಹಾಗಿದ್ದೂ ಸುಮಾರು ನಾಲ್ಕು ದಶಕಗಳ ಕಾಲ ಪಾಪ, ಪ್ರಾಯಶ್ಚಿತ್ತ, ಕ್ಷಮೆ ಎಂಬ ಮೂರು ವಿಷಯಗಳನ್ನು ಅವರು ಬಿಡಲಿಲ್ಲ ಅಥವಾ ಅವು ಅವರನ್ನು ಬಿಡಲಿಲ್ಲ. ಅವರ ಕೃತಿಗಳನ್ನು ಮೊದಲಿನಿಂದ ನೋಡುತ್ತಾ ಬಂದವರಿಗೆ ಒಂದು ವಿಚಿತ್ರ ಸಂಗತಿ ಗೋಚರಿಸುತ್ತದೆ: ದೇವರ ಹೆಸರೇ ಬಾರದ ಕಡೆ ಅವರ ದೈವಶಾಸ್ತ್ರ ಗಟ್ಟಿಯಾಗಿದೆ, ಸಂತರನ್ನೇ ಕಥಾನಾಯಕರನ್ನಾಗಿ ಮಾಡಿಕೊಂಡ ಕಡೆ ಸಡಿಲವಾಗಿದೆ. ಇದು ಏಕೆ ಹೀಗೆ ಎಂಬುದನ್ನು ವಿಚಾರ ಮಾಡುವುದು ಬೋಧಕರಾಗಲಿರುವ ನಮಗೆ ಪ್ರಯೋಜನಕರ.

ಜೋಫೆ 1945ರ ನವೆಂಬರ್ 17ರಂದು ಲಂಡನ್ನಿನಲ್ಲಿ ಜನಿಸಿದರು. ಮ್ಯಾಂಚೆಸ್ಟರ್ ವಿಶ್ವವಿದ್ಯಾಲಯದಲ್ಲಿ ಓದಿ, ರಂಗಭೂಮಿಯಲ್ಲಿ ಹೆಸರು ಮಾಡಿ, ಎಳೆಯ ವಯಸ್ಸಿನಲ್ಲೇ ಬ್ರಿಟನ್ನಿನ ನ್ಯಾಷನಲ್ ಥಿಯೇಟರಿನ ನಿರ್ದೇಶಕರಲ್ಲೊಬ್ಬರಾದರು. ಅಲ್ಲಿಂದ ಅವರು ಸಾಗಿದ್ದು ದೂರದರ್ಶನಕ್ಕೆ. ಗ್ರೆನಡಾ ಟೆಲಿವಿಷನ್ನಿನಲ್ಲಿ 'ಕಾರೋನೇಶನ್ ಸ್ಟ್ರೀಟ್' ಎಂಬ ಜನಪ್ರಿಯ ಧಾರಾವಾಹಿಯ ಕಂತುಗಳನ್ನು ನಿರ್ದೇಶಿಸುವುದು ಅವರ ಆರಂಭದ ಕೆಲಸಗಳಲ್ಲೊಂದು. ಉತ್ತರ ಇಂಗ್ಲೆಂಡಿನ ಕಾರ್ಮಿಕ ಬೀದಿಯೊಂದರ ದಿನನಿತ್ಯದ ಬದುಕನ್ನು ವಾರವಾರವೂ ತೋರಿಸುವ ಆ ಧಾರಾವಾಹಿಯಲ್ಲಿ ಬೆಟ್ಟ, ಜಲಪಾತ, ಹುತಾತ್ಮರು ಯಾರೂ ಇಲ್ಲ. ಅಡುಗೆಮನೆ, ಬಾಡಿಗೆ, ನೆರೆಹೊರೆಯವರ ಮಾತುಕತೆ ಇಷ್ಟೇ. ಮುಂದಿನ ಕೃತಿಗಳಿಗೆ ಬೇಕಾದ ಅಭ್ಯಾಸ ಅವರಿಗೆ ದೊರೆತದ್ದು ಇಲ್ಲಿಯೇ ಎಂದು ತೋರುತ್ತದೆ.

ಬಿ.ಬಿ.ಸಿ.ಯ 'ಪ್ಲೇ ಫಾರ್ ಟುಡೇ' ಮಾಲಿಕೆಯಲ್ಲಿ 1978ರ ಜನವರಿಯಲ್ಲಿ ಪ್ರಸಾರವಾದ 'ದಿ ಸ್ಪಂಜರ್ಸ್' ಅವರ ಮೊದಲ ಮಹತ್ವದ ಕೃತಿ. ಬರೆದವರು ಜಿಮ್ ಆಲನ್, ನಿರ್ಮಾಪಕರು ಟೋನಿ ಗಾರ್ನೆಟ್. ಪರರ ದುಡಿಮೆಯಲ್ಲಿ ಬದುಕುವವರು ಎಂಬ ಬೈಗುಳವೇ ಇದರ ಶೀರ್ಷಿಕೆ. ಸರ್ಕಾರದ ನೆರವಿನಲ್ಲಿ ಬದುಕುವ ಬಡವರನ್ನು ಹೀಗೆ ಹಳಿಯುವ ವಾಡಿಕೆ ಅಲ್ಲಿತ್ತು. ಕಥೆ ನಡೆಯುವುದು 1977ರಲ್ಲಿ, ರಾಣಿ ಎಲಿಜಬೆತ್ ಪಟ್ಟವೇರಿದ 25ನೆಯ ವರ್ಷದ ಸಂಭ್ರಮದ ನಡುವೆ. ಪಾಲೀನ್ ಎಂಬ ಗಂಡ ತೊರೆದ ಹೆಂಗಸಿಗೆ ನಾಲ್ವರು ಮಕ್ಕಳು. ಹಿರಿಯ ಮಗಳು ಪೌಲಾಳಿಗೆ ಡೌನ್ ಸಿಂಡ್ರೋಮ್. ಆ ಹುಡುಗಿ ಚೆನ್ನಾಗಿ ಹೊಂದಿಕೊಂಡಿದ್ದ ಮಕ್ಕಳ ಆರೈಕೆ ಕೇಂದ್ರದಿಂದ, ಖರ್ಚು ಕಡಿತದ ಕಾರಣಕ್ಕೆ, ಅವಳನ್ನು ಮುದುಕರ ನಿವಾಸಕ್ಕೆ ವರ್ಗಾಯಿಸಲಾಗುತ್ತದೆ. ಇತ್ತ ಬಾಡಿಗೆಯ ಬಾಕಿ ಬೆಳೆಯುತ್ತದೆ. ಪಾಲೀನ್ ಒಂದು ಕಚೇರಿಯಿಂದ ಮತ್ತೊಂದಕ್ಕೆ ಅಲೆಯುತ್ತಾಳೆ. ಕೊನೆಗೆ ಬೀದಿಯಲ್ಲಿ ಉತ್ಸವದ ತೋರಣಗಳಿರುವಾಗಲೇ ಮಕ್ಕಳನ್ನೂ ಕೊಂದು ತಾನೂ ಸಾಯುತ್ತಾಳೆ. ಈ ಕೃತಿಗೆ ಅದೇ ವರ್ಷ ಪ್ರಿ ಇಟಾಲಿಯಾ ಪ್ರಶಸ್ತಿ ಬಂತು.

ಇಲ್ಲಿ ಖಳನಾಯಕನಿಲ್ಲ ಎಂಬುದನ್ನು ಗಮನಿಸಬೇಕು. ಕಚೇರಿಯ ಮೇಜಿನ ಹಿಂದೆ ಕುಳಿತ ಪ್ರತಿಯೊಬ್ಬರೂ ತಮ್ಮ ತಮ್ಮ ನಿಯಮವನ್ನು ಪಾಲಿಸುತ್ತಾರೆ. ಕೆಲವರಿಗೆ ಮರುಕವೂ ಇದೆ. ಆದರೂ ಐವರು ಸಾಯುತ್ತಾರೆ. ಪಾಪನಿವೇದನೆಯ ಪೀಠದಲ್ಲಿ ಕುಳಿತ ಗುರುವಿಗೆ ಇದಕ್ಕಿಂತ ಕಠಿಣವಾದ ಪ್ರಶ್ನೆ ಇರಲಾರದು: ಇವರಲ್ಲಿ ಯಾರು ಬಂದು ಯಾವ ಪಾಪವನ್ನು ನಿವೇದಿಸಿಕೊಳ್ಳಬೇಕು? ಪಾಪದ ವ್ಯವಸ್ಥೆಗಳು ಎಂಬ ಪರಿಕಲ್ಪನೆಯನ್ನು ಸಂತ ದ್ವಿತೀಯ ಜಾನ್ ಪೌಲರು 1987ರ 'ಸೊಲ್ಲಿಸಿತುದೊ ರೇಯಿ ಸೋಸಿಯಾಲಿಸ್' ವಿಶ್ವಪತ್ರದಲ್ಲಿ ವಿಶದಪಡಿಸಿದಾಗ, ಅಂಥ ವ್ಯವಸ್ಥೆಗಳು ಬೇರೂರುವುದು ವ್ಯಕ್ತಿಗಳ ಪಾಪಕೃತ್ಯಗಳಿಂದಲೇ ಎಂಬುದನ್ನೂ ಒತ್ತಿ ಹೇಳಿದರು. ವ್ಯವಸ್ಥೆಯನ್ನು ದೂಷಿಸಿ ವ್ಯಕ್ತಿಯನ್ನು ಬಿಡುಗಡೆ ಮಾಡುವ ಸುಲಭದ ದಾರಿಗೆ ಅಲ್ಲಿ ಅವಕಾಶವಿಲ್ಲ. ಇದಕ್ಕೆ ಸುಮಾರು ಹತ್ತು ವರ್ಷ ಮೊದಲೇ, ಧರ್ಮದ ಗಂಧವಿಲ್ಲದ ದೂರದರ್ಶನ ನಾಟಕವೊಂದು ಇದೇ ಗಂಟನ್ನು ನಮ್ಮ ಮುಂದಿಟ್ಟಿತ್ತು. ಬಿಚ್ಚಿ ತೋರಿಸಲಿಲ್ಲ, ನಿಜ. ಆದರೆ ಗಂಟು ಎಲ್ಲಿದೆ ಎಂದು ತೋರಿಸಿತು.

ಅದೇ 1978ರಲ್ಲಿ ಕ್ಯಾರಿಲ್ ಚರ್ಚಿಲ್ ಅವರು ಸಿದ್ಧಪಡಿಸಿದ 'ದಿ ಲೀಜನ್ ಹಾಲ್ ಬಾಂಬಿಂಗ್' ಎಂಬ ನಾಟಕವನ್ನು ಜೋಫೆ ನಿರ್ದೇಶಿಸಿದರು. ಉತ್ತರ ಐರ್ಲೆಂಡಿನಲ್ಲಿ ಜ್ಯೂರಿಯಿಲ್ಲದೆ ಒಬ್ಬನೇ ನ್ಯಾಯಾಧೀಶ ವಿಚಾರಣೆ ನಡೆಸುತ್ತಿದ್ದ ನ್ಯಾಯಾಲಯಗಳನ್ನು ಅದು ನಿಜವಾದ ವಿಚಾರಣೆಯೊಂದರ ದಾಖಲೆಯ ಆಧಾರದ ಮೇಲೆ ತೋರಿಸಿತು. ಬಿ.ಬಿ.ಸಿ. ಅದಕ್ಕೆ ಕತ್ತರಿ ಹಾಕಿದಾಗ ಬರೆದವರೂ ನಿರ್ದೇಶಿಸಿದವರೂ ತಮ್ಮ ಹೆಸರನ್ನು ತೆಗೆಸಿದರು. ಸತ್ಯವನ್ನು ಮೊಟಕುಗೊಳಿಸಿದ ಕೃತಿಗೆ ಸಹಿ ಹಾಕಲಾರೆವು ಎಂಬ ಈ ನಿಲುವು ಚಿಕ್ಕದೇನಲ್ಲ.

1984ರಲ್ಲಿ ನಿರ್ಮಾಪಕ ಡೇವಿಡ್ ಪಟ್ನಮ್ ಅವರ 'ದಿ ಕಿಲ್ಲಿಂಗ್ ಫೀಲ್ಡ್ಸ್' ಮೂಲಕ ಜೋಫೆ ಚಲನಚಿತ್ರರಂಗ ಪ್ರವೇಶಿಸಿದರು. 1975ರ ಏಪ್ರಿಲ್ 17ರಂದು ಕಾಂಬೋಡಿಯಾದ ನೋಮ್ ಪೆನ್ ನಗರ ಖ್ಮೇರ್ ರೂಜ್ ವಶವಾಯಿತು. ಅಮೆರಿಕದ ಪತ್ರಕರ್ತ ಸಿಡ್ನಿ ಶಾನ್‌ಬರ್ಗ್ ಪಾರಾದರು. ಅವರ ಜೊತೆಗಾರ, ಕಾಂಬೋಡಿಯಾದ ದಿತ್ ಪ್ರಾನ್ ಅಲ್ಲೇ ಉಳಿದು ನಾಲ್ಕು ವರ್ಷ ನರಕವನ್ನು ಕಂಡರು. ಪ್ರಾನ್ ಪಾತ್ರ ವಹಿಸಿದ ಹೈಂಗ್ ನೊರ್ ನಟರಲ್ಲ, ವೈದ್ಯರು. ಆ ಆಳ್ವಿಕೆಯಲ್ಲಿ ಹೆಂಡತಿಯನ್ನು ಹೆರಿಗೆಯ ಸಮಯದಲ್ಲಿ ಕಳೆದುಕೊಂಡು ತಾವು ಹೇಗೋ ಬದುಕಿ ಬಂದವರು. ಚಿತ್ರಕ್ಕೆ ಬಂದ ಮೂರು ಆಸ್ಕರ್ ಪ್ರಶಸ್ತಿಗಳಲ್ಲಿ ಒಂದು ಅವರಿಗೆ ಸಂದಿತು. ಸುದ್ದಿಯ ಆಸೆಯಿಂದ ಗೆಳೆಯನನ್ನು ಅಪಾಯದಲ್ಲಿ ಉಳಿಸಿಕೊಂಡೆ ಎಂಬ ಅಪರಾಧಪ್ರಜ್ಞೆ ಶಾನ್‌ಬರ್ಗ್‌ರನ್ನು ಚಿತ್ರದುದ್ದಕ್ಕೂ ಕಾಡುತ್ತದೆ. ಕೊನೆಗೆ ಇಬ್ಬರೂ ಭೇಟಿಯಾದಾಗ ಅವರು ಕ್ಷಮೆ ಬೇಡುತ್ತಾರೆ. ಕ್ಷಮಿಸಲು ಏನೂ ಇಲ್ಲವೆಂದು ಪ್ರಾನ್ ಅಪ್ಪಿಕೊಳ್ಳುತ್ತಾರೆ. ಈ ದೃಶ್ಯ ಮನಸ್ಸನ್ನು ಕಲಕುತ್ತದೆ. ಆದರೂ ಒಂದು ಅನುಮಾನ ಉಳಿಯುತ್ತದೆ. ನೊಂದವನ ಔದಾರ್ಯ ಇಷ್ಟು ಸಲೀಸಾಗಿ ಒದಗಿಬಂದಾಗ, ತಪ್ಪಿತಸ್ಥನು ಹೊರಬೇಕಾದ ಹೊರೆ ಎಲ್ಲಿ ಹೋಯಿತು?

ಎರಡು ವರ್ಷಗಳ ಬಳಿಕ ಬಂದ 'ದಿ ಮಿಷನ್' ಈ ಅನುಮಾನಕ್ಕೆ ಉತ್ತರದಂತಿದೆ. ರೊದ್ರಿಗೊ ಮೆಂದೋಸಾ ಗ್ವಾರಾನಿ ಜನರನ್ನು ಬೇಟೆಯಾಡಿ ಗುಲಾಮರನ್ನಾಗಿ ಮಾರುವವನು; ಹೆಣ್ಣಿನ ವಿಚಾರದಲ್ಲಿ ಸ್ವಂತ ತಮ್ಮನನ್ನೇ ಕೊಂದವನು. ಯೇಸುಸಭೆಯ ಫಾದರ್ ಗೇಬ್ರಿಯೆಲ್ ಅವನಿಗೆ ಪ್ರಾಯಶ್ಚಿತ್ತದ ದಾರಿ ತೋರಿಸುತ್ತಾರೆ. ತನ್ನ ಕವಚ, ಕತ್ತಿಗಳನ್ನು ಬಲೆಯಲ್ಲಿ ಕಟ್ಟಿ, ಅದನ್ನು ಎಳೆದುಕೊಂಡು ಅವನು ಜಲಪಾತದ ಬಂಡೆಗಳನ್ನೇರುತ್ತಾನೆ. ಮರುಕಗೊಂಡ ಗುರುವೊಬ್ಬರು ನಡುವೆಯೇ ಹಗ್ಗ ಕತ್ತರಿಸಿದರೆ, ಅವನು ಹಿಂದಿರುಗಿ ಹೋಗಿ ಮತ್ತೆ ಕಟ್ಟಿಕೊಳ್ಳುತ್ತಾನೆ. ಮೇಲೆ ತಲುಪಿದಾಗ ಗ್ವಾರಾನಿಯೊಬ್ಬ ಚೂರಿ ಹಿಡಿದು ಬಂದು ಅವನ ಕತ್ತಿಗೆ ಒಡ್ಡುತ್ತಾನೆ. ಮರುಕ್ಷಣ ಕತ್ತರಿಸುವುದು ಹಗ್ಗವನ್ನು. ಹೊರೆ ನೀರಿಗೆ ಉರುಳುತ್ತದೆ. ಮೆಂದೋಸಾ ಅಳುತ್ತಾನೆ, ಅಳು ನಗುವಾಗುತ್ತದೆ.

ಈ ದೃಶ್ಯದಲ್ಲಿ ಹೊರೆಯನ್ನು ಕತ್ತರಿಸುವ ಹಕ್ಕು ಗುರುವಿಗಿಲ್ಲ. ಅದು ನೊಂದವನ ಕೈಯಲ್ಲಿದೆ. ಪರಿಹಾರ ಸಂಸ್ಕಾರದ ನಮ್ಮ ಬೋಧನೆಗೆ ಇದು ವಿರುದ್ಧವೆಂದು ಕೆಲವರು ಆಕ್ಷೇಪಿಸಬಹುದು. ವಾಸ್ತವದಲ್ಲಿ ವಿರುದ್ಧವಲ್ಲ. ಪಶ್ಚಾತ್ತಾಪ, ಪಾಪನಿವೇದನೆ, ಪರಿಹಾರಕ್ರಿಯೆ ಈ ಮೂರನ್ನೂ ಪ್ರಾಯಶ್ಚಿತ್ತಿಯ ಕಾರ್ಯಗಳೆಂದು ಟ್ರೆಂಟ್ ಮಹಾಸಭೆ ಎಣಿಸಿತು. ಮೂರನೆಯದು ನಮ್ಮ ವಾಡಿಕೆಯಲ್ಲಿ ಕೆಲವು ಜಪಗಳಿಗೆ ಇಳಿದಿದೆ. ಕದ್ದದ್ದನ್ನು ಹಿಂದಿರುಗಿಸುವ, ಮಾನ ಕಳೆದವನ ಮಾನವನ್ನು ಮರಳಿಸುವ, ನೊಂದವರ ಮುಂದೆ ನಿಲ್ಲುವ ಅಂಶ ಮರೆಯಾಗಿದೆ. ಕಾಣಿಕೆಯನ್ನು ಪೀಠದ ಬಳಿ ಬಿಟ್ಟು ಮೊದಲು ಸೋದರನ ಬಳಿಗೆ ಹೋಗಬೇಕೆಂಬ ಮತ್ತಾಯ 5ನೆಯ ಅಧ್ಯಾಯದ ಬೋಧನೆಯನ್ನು ಜೋಫೆ ಮತ್ತು ಚಿತ್ರಕಥೆಗಾರ ರಾಬರ್ಟ್ ಬೋಲ್ಟ್ ಒಂದೂ ಮಾತಿಲ್ಲದೆ ಕಣ್ಣಿಗೆ ಕಟ್ಟಿಸಿದ್ದಾರೆ.

ಇಷ್ಟು ಹೇಳಿದ ಮೇಲೆ ಚಿತ್ರದ ದೋಷವನ್ನೂ ಹೇಳಬೇಕು. ಅದು ಇತಿಹಾಸಕ್ಕೆ ಸಂಬಂಧಿಸಿದ್ದು, ಇತಿಹಾಸದ ಮೂಲಕ ದೈವಶಾಸ್ತ್ರಕ್ಕೂ ಸಂಬಂಧಿಸಿದ್ದು. 1750ರ ಮ್ಯಾಡ್ರಿಡ್ ಒಪ್ಪಂದದಂತೆ ಸ್ಪೇನ್ ದೇಶವು ಉರುಗ್ವೆ ನದಿಯ ಪೂರ್ವಕ್ಕಿದ್ದ ಏಳು ಮಿಷನ್ ಪಟ್ಟಣಗಳ ನೆಲವನ್ನು ಪೋರ್ಚುಗಲ್‌ಗೆ ಬಿಟ್ಟುಕೊಟ್ಟಿತು. ಸುಮಾರು 30,000 ಗ್ವಾರಾನಿಗಳು ಊರು ಬಿಡಬೇಕಾಯಿತು. ಚಿತ್ರದಲ್ಲಿ ಬೆಟ್ಟದ ಮೇಲಿನ ಮಿಷನ್ ಹೊಸದು, ಜನ ಮುಗ್ಧರು, ಅವರಿಗೆ ಯುದ್ಧ ಕಲಿಸುವವನು ಮೆಂದೋಸಾ. ವಾಸ್ತವದಲ್ಲಿ ಈ ನೆಲೆಗಳು 1609ರಿಂದಲೇ ಆರಂಭವಾಗಿದ್ದವು. ಗುಲಾಮಬೇಟೆಗಾರರ ವಿರುದ್ಧ ಗ್ವಾರಾನಿಗಳು ಆಯುಧ ಹಿಡಿದು 1641ರಲ್ಲಿ ಎಂಬೊರೊರೆಯಲ್ಲಿ ಗೆದ್ದಿದ್ದರು. ಒಂದು ಶತಮಾನದ ಯುದ್ಧಾನುಭವವುಳ್ಳ ಸೇನೆ ಅವರದು. ಇನ್ನೂ ಮುಖ್ಯವಾದದ್ದು: 1753ರಲ್ಲಿ ಆ ಪಟ್ಟಣಗಳ ಮುಖಂಡರು ತಮ್ಮದೇ ಗ್ವಾರಾನಿ ಭಾಷೆಯಲ್ಲಿ ಬ್ಯೂನಸ್ ಐರಿಸ್‌ನ ಗವರ್ನರರಿಗೆ ಪತ್ರಗಳನ್ನು ಬರೆದು ತಮ್ಮ ನೆಲದ ಹಕ್ಕನ್ನು ವಾದಿಸಿದ್ದರು. ಸೆಪೆ ತಿಯರಾಜು ಎಂಬ ಅವರದೇ ನಾಯಕ 1756ರ ಫೆಬ್ರವರಿಯಲ್ಲಿ ಹತನಾದ. ಮೂರು ದಿನಗಳ ಬಳಿಕ ಕೈಬೊವಾತೆಯಲ್ಲಿ ಸುಮಾರು 1,500 ಗ್ವಾರಾನಿಗಳು ಬಲಿಯಾದರು.

ಈ ಪತ್ರಗಳ ಸುಳಿವೂ ಚಿತ್ರದಲ್ಲಿಲ್ಲ. ಸೆಪೆಯ ಹೆಸರಿಲ್ಲ. ಗ್ವಾರಾನಿಗಳ ಪಾತ್ರ ವಹಿಸಿದ ಕೊಲಂಬಿಯಾದ ವೌನಾನಾ ಬುಡಕಟ್ಟಿನವರು ತೆರೆಯ ತುಂಬ ಇದ್ದಾರೆ. ಆದರೆ ಅವರಾಡುವ ಮಾತು ಬಹುಮಟ್ಟಿಗೆ ನಮಗೆ ಅರ್ಥವಾಗದ ಧ್ವನಿಯಾಗಿಯೇ ಉಳಿಯುತ್ತದೆ. ಶಿಲುಬೆ ಹಿಡಿಯಬೇಕೆ, ಕತ್ತಿ ಹಿಡಿಯಬೇಕೆ ಎಂಬ ಮಹಾಪ್ರಶ್ನೆ ನಡೆಯುವುದು ಇಬ್ಬರು ಐರೋಪ್ಯರ ಅಂತರಂಗದಲ್ಲಿ. ಗೇಬ್ರಿಯೆಲ್ ಪರಮಪ್ರಸಾದವನ್ನು ಎತ್ತಿ ಹಿಡಿದು ಮೆರವಣಿಗೆಯಲ್ಲಿ ಗುಂಡಿಗೆ ಎದೆಯೊಡ್ಡುತ್ತಾರೆ. ಮೆಂದೋಸಾ ಹೋರಾಡಿ ಸಾಯುತ್ತಾನೆ. ಇಬ್ಬರಲ್ಲಿ ಯಾರು ಸರಿ ಎಂದು ನಮ್ಮ ತರಗತಿಗಳಲ್ಲಿ ಚರ್ಚೆ ಏರ್ಪಡಿಸುತ್ತೇವೆ. ಸಾಯುತ್ತಿರುವ ಜನ ಏನು ಬಯಸಿದ್ದರು ಎಂದು ಕೇಳುವುದನ್ನು ಚಿತ್ರವೂ ಮರೆತಿದೆ, ನಾವೂ ಮರೆಯುತ್ತೇವೆ. ಅಹಿಂಸೆಗಾಗಿ ಸೆರೆವಾಸ ಅನುಭವಿಸಿದ ಅಮೆರಿಕದ ಯೇಸುಸಭೆಯ ಗುರು ಡೇನಿಯಲ್ ಬೆರಿಗನ್ ಈ ಚಿತ್ರಕ್ಕೆ ಸಲಹೆಗಾರರಾಗಿದ್ದು ಸಣ್ಣ ಪಾತ್ರವನ್ನೂ ಮಾಡಿದ್ದರು. ಗೇಬ್ರಿಯೆಲ್ ಪಾತ್ರದ ಗಾಂಭೀರ್ಯಕ್ಕೆ ಅವರ ಪಾಲು ಇದೆಯೆಂದು ಊಹಿಸಬಹುದು.

ಕಾರ್ಡಿನಲ್ ಅಲ್ತಮಿರಾನೊ ಪಾತ್ರದ ವಿಷಯದಲ್ಲಿಯೂ ಇತಿಹಾಸ ಚಿತ್ರಕ್ಕಿಂತ ಕಹಿಯಾಗಿದೆ. ಚಿತ್ರದಲ್ಲಿ ಅವರು ಜಗದ್ಗುರುಗಳ ಪ್ರತಿನಿಧಿ. ಇತಿಹಾಸದ ಲೂಯಿಸ್ ಅಲ್ತಮಿರಾನೊ ಕಾರ್ಡಿನಲ್ ಅಲ್ಲ. ಪಟ್ಟಣಗಳನ್ನು ತೆರವುಗೊಳಿಸಲು ಯೇಸುಸಭೆಯ ಮಹಾಧಿಪತಿಯೇ ಕಳುಹಿಸಿದ ಯೇಸುಸಭೆಯ ಗುರು. ಸಭೆಯನ್ನು ಉಳಿಸಲು ಜನರನ್ನು ಬಿಟ್ಟುಕೊಡುವ ಲೆಕ್ಕಾಚಾರ ಸಭೆಯ ಒಳಗಿನದೇ ಆಗಿತ್ತು. ಲೆಕ್ಕವೂ ತಪ್ಪಿತು. ಒಪ್ಪಂದ 1761ರಲ್ಲಿ ರದ್ದಾಯಿತು. ಪೋರ್ಚುಗಲ್ 1759ರಲ್ಲಿ, ಸ್ಪೇನ್ 1767ರಲ್ಲಿ ಯೇಸುಸಭೆಯನ್ನು ಹೊರದೂಡಿದವು. 1773ರಲ್ಲಿ ಜಗದ್ಗುರು ಹದಿನಾಲ್ಕನೆಯ ಕ್ಲೆಮೆಂಟರು ಸಭೆಯನ್ನೇ ವಿಸರ್ಜಿಸಿದರು. ಆ ಅಲೆ ನಮ್ಮ ನಾಡಿಗೂ ತಲುಪಿತು. ಹದಿನೇಳನೆಯ ಶತಮಾನದ ನಡುವಿನಲ್ಲಿ ಲಿಯೊನಾರ್ಡೊ ಚಿನ್ನಮಿಯವರು ಶ್ರೀರಂಗಪಟ್ಟಣದಲ್ಲಿ ಆರಂಭಿಸಿದ ಮೈಸೂರು ಮಿಷನ್ ವಿಸರ್ಜನೆಯ ಬಳಿಕ ಪ್ಯಾರಿಸ್ಸಿನ ವಿದೇಶಿ ಮಿಷನ್ ಸಂಸ್ಥೆಯ ಪಾಲಾಯಿತು. ಆಬೆ ದ್ಯುಬುವಾ ನಮ್ಮಲ್ಲಿ ಸೇವೆ ಸಲ್ಲಿಸಿದ್ದು ಆ ಸಂಸ್ಥೆಯ ಗುರುವಾಗಿ. ಯೇಸುಸಭೆಯವರು ಮಂಗಳೂರಿಗೆ ಬಂದಿಳಿದದ್ದು 1878ರ ಕೊನೆಯಲ್ಲಿ. ಪರಾಗ್ವೆಯ ಕಥೆ ನಮಗೆ ತೀರ ಹೊರಗಿನದಲ್ಲ.

ಭಾರತಕ್ಕೆ ಜೋಫೆ ಬಂದದ್ದು 'ಸಿಟಿ ಆಫ್ ಜಾಯ್' ಚಿತ್ರಕ್ಕಾಗಿ. ಡೊಮಿನಿಕ್ ಲಾಪಿಯೇರ್ ಅವರ 1985ರ ಕೃತಿಯನ್ನು ಆಧರಿಸಿದ ಇದರ ಚಿತ್ರೀಕರಣ ಕೋಲ್ಕತ್ತದಲ್ಲಿ ನಡೆಯಿತು. ನಗರದ ಬಡತನವನ್ನು ಮಾರುತ್ತಿದ್ದಾರೆಂದು ಉಗ್ರ ಪ್ರತಿಭಟನೆಗಳೂ ನಡೆದವು. 1992ರಲ್ಲಿ ಚಿತ್ರ ಬಿಡುಗಡೆಯಾಯಿತು. ರಿಕ್ಷಾ ಎಳೆಯುವ ಹಸಾರಿ ಪಾಲ್ ಆಗಿ ಓಂ ಪುರಿ, ಅವನ ಹೆಂಡತಿಯಾಗಿ, 'ಕನ್ನೇಶ್ವರ ರಾಮ'ದ ಮೂಲಕ ಕನ್ನಡಿಗರಿಗೂ ಪರಿಚಿತರಾದ ಶಬಾನಾ ಆಜ್ಮಿ ನಟಿಸಿದರು. ಮೂಲಕೃತಿಯ ಕೇಂದ್ರದಲ್ಲಿ ಕೊಳೆಗೇರಿಯ ಗುಡಿಸಲಿನಲ್ಲಿ ಬಡವರೊಡನೆ ಬಡವನಾಗಿ ನೆಲೆಸುವ ಪೋಲಿಷ್ ಗುರುವೊಬ್ಬನಿದ್ದಾನೆ. ಚಿತ್ರ ಅವನನ್ನು ಕೈಬಿಟ್ಟು, ಬದುಕಿಗೆ ಬೇಸತ್ತು ಬಂದ ಅಮೆರಿಕದ ವೈದ್ಯನನ್ನು ಮುಂದೆ ತಂದಿತು. ಜನಪ್ರಿಯತೆಯ ದೃಷ್ಟಿಯಿಂದ ಇದು ಸಹಜ. ಆದರೆ ಕಳೆದುಕೊಂಡದ್ದು ದೊಡ್ಡದು. ಆ ಗುರು ಯಾರನ್ನೂ ಉದ್ಧರಿಸಲು ಬಂದವನಲ್ಲ, ಜೊತೆಯಲ್ಲಿ ಇರಲು ಬಂದವನು. ಮನುಷ್ಯಾವತಾರದ ತರ್ಕ ಅದು. ವೈದ್ಯನ ಕಥೆ ಅವನ ಸ್ವಂತ ಗಾಯ ಮಾಯುವ ಕಥೆ; ಕೊಳೆಗೇರಿ ಅವನಿಗೆ ಔಷಧ. ಬೇಸಿಗೆ ರಜೆಯಲ್ಲಿ ಹಳ್ಳಿಗಳಿಗೆ ಹೋಗಿ ಅನುಭವ ಪಡೆದು ಬರುವ ನಮ್ಮ ಗುರು ಅಭ್ಯರ್ಥಿಗಳೂ ಈ ವ್ಯತ್ಯಾಸವನ್ನು ಯೋಚಿಸಬಹುದು.

ಅನಂತರದ ದಶಕದ ಬಗ್ಗೆ ಹೆಚ್ಚು ಹೇಳುವಂಥದ್ದಿಲ್ಲ. 1995ರ 'ದಿ ಸ್ಕಾರ್ಲೆಟ್ ಲೆಟರ್' ಒಂದನ್ನು ಹೆಸರಿಸಿದರೆ ಸಾಕು. ಹಾಥಾರ್ನ್ ಅವರ ಕಾದಂಬರಿಯಲ್ಲಿ ಪಾದ್ರಿ ಡಿಮ್ಸ್‌ಡೇಲ್ ಬಹಿರಂಗವಾಗಿ ತನ್ನ ಪಾಪವನ್ನೊಪ್ಪಿ ಸಾಯುತ್ತಾನೆ. ಚಿತ್ರದಲ್ಲಿ ಪ್ರೇಮಿಗಳು ಗಾಡಿಯೇರಿ ಸುಖವಾಗಿ ಹೊರಡುತ್ತಾರೆ. ಬಲೆಯ ಹೊರೆಯನ್ನು ಬಂಡೆಯ ಮೇಲೆಳೆಸಿದ ನಿರ್ದೇಶಕನೇ ಇದನ್ನೂ ಮಾಡಿದರೆಂದು ನಂಬುವುದು ಕಷ್ಟ.

2011ರ 'ದೇರ್ ಬಿ ಡ್ರ್ಯಾಗನ್ಸ್' ಓಪುಸ್ ದೇಯಿ ಸ್ಥಾಪಕ ಸಂತ ಹೊಸೆಮರಿಯ ಎಸ್ಕ್ರಿವಾ ಅವರ ಯೌವನವನ್ನು ಸ್ಪೇನಿನ ಅಂತರ್ಯುದ್ಧದ ಹಿನ್ನೆಲೆಯಲ್ಲಿ ಚಿತ್ರಿಸುತ್ತದೆ. ಚಿತ್ರಕಥೆಯೂ ಜೋಫೆಯವರದೇ. ಇಲ್ಲಿ ಸಂತನು ಆರಂಭದಿಂದಲೇ ಸಂತ. ಅವನು ಗೆಲ್ಲಬೇಕಾದ ಒಳಗಿನ ವೈರಿ ನಮಗೆ ಕಾಣುವುದಿಲ್ಲ. ಚಿತ್ರದಲ್ಲಿ ಜೀವವಿರುವುದು ಅವನ ಬಾಲ್ಯದ ಗೆಳೆಯ, ದ್ರೋಹಿ ಮನೊಲೊ ಮತ್ತು ಅವನ ಯುದ್ಧಕಾಲದ ಪಾಪಗಳನ್ನರಿತು ಕ್ಷಮಿಸಬೇಕಾದ ಮಗನ ಪ್ರಸಂಗಗಳಲ್ಲಿ. ಸಂತಚರಿತ್ರೆ ಬರೆಯುವ ನಮ್ಮವರೂ ಇದೇ ಹಳ್ಳಕ್ಕೆ ಬೀಳುತ್ತಾರೆ. ಗೌರವ ಹೆಚ್ಚಾದಷ್ಟೂ ಮನುಷ್ಯ ಮಾಯವಾಗುತ್ತಾನೆ.

ಎಪ್ಪತ್ತು ದಾಟಿದ ಮೇಲೆ ಅವರು 'ದಿ ಫರ್ಗಿವನ್' ಚಿತ್ರವನ್ನು ಮಾಡಿದರು. 2017ರಲ್ಲಿ ಪ್ರದರ್ಶಿತವಾದ ಇದು ಮೈಕೇಲ್ ಆಷ್ಟನ್ ಅವರ ನಾಟಕವನ್ನು ಆಧರಿಸಿದೆ. ದಕ್ಷಿಣ ಆಫ್ರಿಕದ ಸತ್ಯ ಮತ್ತು ಸಮನ್ವಯ ಆಯೋಗದ ಅಧ್ಯಕ್ಷರಾದ ಆಂಗ್ಲಿಕನ್ ಮಹಾಧರ್ಮಾಧ್ಯಕ್ಷ ಡೆಸ್ಮಂಡ್ ಟುಟು, ಸೆರೆಮನೆಯಲ್ಲಿರುವ ಬಿಳಿಯ ಕೊಲೆಗಾರನೊಬ್ಬನನ್ನು ಭೇಟಿಯಾಗುತ್ತಾರೆ. ಕೊಲೆಗಾರ ಕಲ್ಪಿತ ಪಾತ್ರ, ಆಯೋಗ ಕಲ್ಪಿತವಲ್ಲ. ಚಿತ್ರ ದೊಡ್ಡ ಯಶಸ್ಸು ಕಾಣಲಿಲ್ಲ. ಮಾತು ತುಸು ಹೆಚ್ಚು. ಆದರೆ 'ದಿ ಸ್ಪಂಜರ್ಸ್'ನ ಜೋಫೆ ಇಲ್ಲಿ ಮರಳಿ ಬಂದಿದ್ದಾರೆ. ವರ್ಣಭೇದದ ಆಡಳಿತ ಒಂದು ಪಾಪದ ವ್ಯವಸ್ಥೆ. ಅದರೊಳಗೆ ಗುಂಡು ಹಾರಿಸಿದ ಕೈ ಒಬ್ಬನದು. ಕಾಣೆಯಾದ ಮಗಳಿಗೆ ಏನಾಯಿತೆಂದು ತಿಳಿಯಬಯಸುವ ತಾಯಿ ಎದುರಿಗಿದ್ದಾಳೆ.

ಆಯೋಗದ ಕಾನೂನು ಸಾರ್ವಜನಿಕ ಕ್ಷಮಾದಾನಕ್ಕೆ ವಿಧಿಸಿದ ಮುಖ್ಯ ಷರತ್ತುಗಳು ಎರಡು: ಅಪರಾಧ ರಾಜಕೀಯ ಉದ್ದೇಶದ್ದಾಗಿರಬೇಕು, ನಡೆದದ್ದನ್ನೆಲ್ಲ ಪೂರ್ಣವಾಗಿ ಹೇಳಬೇಕು. ಪಶ್ಚಾತ್ತಾಪ ಬೇಕಿರಲಿಲ್ಲ. ನೊಂದವರ ಒಪ್ಪಿಗೆಯೂ ಬೇಕಿರಲಿಲ್ಲ. ಕ್ಷಮಾದಾನ ಪಡೆದವನ ಮೇಲೆ ಪರಿಹಾರದ ದಾವೆಯನ್ನೂ ಹೂಡುವಂತಿರಲಿಲ್ಲ. ಅಂದರೆ ಟ್ರೆಂಟ್ ಎಣಿಸಿದ ಮೂರರಲ್ಲಿ ನಿವೇದನೆ ಮಾತ್ರ ಉಳಿದಿತ್ತು. ಸ್ಟೀವ್ ಬೀಕೊ ಅವರ ಕುಟುಂಬವೂ ಸೇರಿದಂತೆ ಕೆಲವರು ಇದನ್ನು 1996ರಲ್ಲಿ ಅಲ್ಲಿನ ಸಂವಿಧಾನ ನ್ಯಾಯಾಲಯದಲ್ಲಿ ಪ್ರಶ್ನಿಸಿದರು. ನ್ಯಾಯಾಲಯ ಕಾನೂನನ್ನು ಎತ್ತಿ ಹಿಡಿಯಿತು. ಟುಟು ಅವರ ಕ್ಷಮೆಯ ದೈವಶಾಸ್ತ್ರವನ್ನು ನಮ್ಮ ತರಗತಿಗಳಲ್ಲಿ ಬೋಧಿಸುವಾಗ ಆ ಕುಟುಂಬಗಳ ಮನವಿಯನ್ನೂ ಜೊತೆಗಿಟ್ಟು ಓದಬೇಕು. ಹಗ್ಗವನ್ನು ಕತ್ತರಿಸಿದ್ದು ಅಲ್ಲಿ ರಾಷ್ಟ್ರ. ಚೂರಿಯನ್ನು ಅವರ ಕೈಗೆ ಯಾರೂ ಕೊಡಲಿಲ್ಲ.